ಥ್ರಸ್ಟರ್‌ನ ನೂಕುಬಲ ಅಳೆಯುವುದು ಹೇಗೆ: ಸಿಮೆಂಟ್ ತೊಟ್ಟಿಯಿಂದ ಉಪಗ್ರಹದವರೆಗೆ

ನೀರೊಳಗೆ ಓಡುವ ಸಣ್ಣ ರೋಬೋ ಕಟ್ಟಲು ಹೊರಟವರು ಮೊದಲು ಕೊಳ್ಳುವುದು ಥ್ರಸ್ಟರನ್ನು, ಅಂದರೆ ನೀರನ್ನು ಹಿಂದಕ್ಕೆ ತಳ್ಳುವ ಫ್ಯಾನ್ ಕೂಡಿಸಿದ ಮೋಟರನ್ನು. ಡಬ್ಬದ ಮೇಲೆ ‘5 ಕೆ.ಜಿ. ಥ್ರಸ್ಟ್’ ಎಂದು ಬರೆದಿರುತ್ತದೆ. ಎಷ್ಟು ವೋಲ್ಟಿನಲ್ಲಿ, ಎಷ್ಟು ಆಂಪ್ಸ್ ಎಳೆದು, ಎಷ್ಟು ಹೊತ್ತು ಎಂಬುದು ಮಾತ್ರ ಇರುವುದಿಲ್ಲ. ಅದನ್ನು ತಿಳಿಯಲು ಲ್ಯಾಬ್ ಬೇಕಿಲ್ಲ. ಬೆಂಗಳೂರಿನ ಎಸ್‌ಪಿ ರೋಡಿನಲ್ಲಿ ಒಂದು ಮಧ್ಯಾಹ್ನ ಓಡಾಡಿದರೆ ಸಾಮಾನೆಲ್ಲ ಸಿಗುತ್ತದೆ, ಒಂದು ಭಾನುವಾರದಲ್ಲಿ ಸ್ಟ್ಯಾಂಡ್ ನಿಲ್ಲುತ್ತದೆ. ಅದೇ ಸ್ಟ್ಯಾಂಡಿಗೆ ಗಾಳಿಯ ನಳಿಕೆ ಕಟ್ಟಿದರೆ ಉಪಗ್ರಹದ ಥ್ರಸ್ಟರ್ ಹೇಗೆ ಕೆಲಸ ಮಾಡುತ್ತದೆ ಎಂಬುದೂ ಕೈಗೆ ಸಿಗುತ್ತದೆ.

ಲೆಕ್ಕ ಒಂದೇ ಸಾಲಿನದು. ಥ್ರಸ್ಟರ್ ಏನನ್ನಾದರೂ ಹಿಂದಕ್ಕೆ ಎಸೆದು ತಾನು ಮುಂದಕ್ಕೆ ಹೋಗುತ್ತದೆ. ಸೆಕೆಂಡಿಗೆ ಎಷ್ಟು ಕೆ.ಜಿ. ಎಸೆಯಿತು, ಎಷ್ಟು ವೇಗದಲ್ಲಿ ಎಸೆಯಿತು, ಇವೆರಡನ್ನು ಗುಣಿಸಿದರೆ ನೂಕುಬಲ. ಎಸೆಯಲು ಬೇಕಾದ ಶಕ್ತಿ ನೂಕುಬಲ ಗುಣಿಸು ವೇಗದ ಅರ್ಧ. ಹಾಗಾಗಿ ಅಷ್ಟೇ ವಾಟ್‌ನಲ್ಲಿ ಹೆಚ್ಚು ನೂಕಬೇಕಾದರೆ ಹೆಚ್ಚು ಸರಕನ್ನು ನಿಧಾನವಾಗಿ ಎಸೆಯಬೇಕು. ಮುಂದೆ ಬರುವುದೆಲ್ಲ ಇದರಿಂದಲೇ ಹುಟ್ಟುತ್ತದೆ.

ಸ್ಟ್ಯಾಂಡ್ ಕಟ್ಟುವುದು

ಒಂದು ಇಂಚಿನ ಚೌಕ ಅಲ್ಯೂಮಿನಿಯಂ ಪೈಪ್ ತಂದು, 50 ಸೆಂ.ಮೀ. ಉದ್ದದ ಎರಡು ತುಂಡುಗಳನ್ನು ಬಡಗಿಯ ಮೂಲೆಮಟ್ಟದಂತೆ ಲಂಬಕೋನದಲ್ಲಿ ಜೋಡಿಸಿ. ಮೂಲೆಯಲ್ಲಿ 8 ಮಿ.ಮೀ. ಬೋಲ್ಟ್, ಅದರ ಎರಡೂ ಕಡೆ 608 ನಂಬರಿನ ಬೇರಿಂಗ್. ಒಂದು ತೋಳು ನೇರ ಕೆಳಗೆ ನೀರಿಗಿಳಿಯಲಿ, ಇನ್ನೊಂದು ಅಡ್ಡವಾಗಿ ತೊಟ್ಟಿಯ ಮೇಲೆ ಚಾಚಲಿ. ಕೆಳತೋಳಿನ ತುದಿಗೆ ಥ್ರಸ್ಟರ್, ಅಡ್ಡತೋಳಿನ ತುದಿಯ ಕೆಳಗೆ 5 ಕೆ.ಜಿ.ಯ ಪಟ್ಟಿ ಮಾದರಿಯ ಲೋಡ್‌ಸೆಲ್, ಅಂದರೆ ಮೇಲೆ ಬಿದ್ದ ಭಾರವನ್ನು ವಿದ್ಯುತ್ ಸಿಗ್ನಲ್ ಆಗಿಸುವ ಸಾಧನ. ಲೋಡ್‌ಸೆಲ್‌ನ ತಂತಿಗಳು ಆ ಸಿಗ್ನಲನ್ನು ಅಂಕಿಯಾಗಿಸುವ ಎಚ್‌ಎಕ್ಸ್ 711 ಬೋರ್ಡಿಗೆ, ಅಲ್ಲಿಂದ ಆರ್ಡುಯಿನೋ ಎಂಬ ಪುಟ್ಟ ಕಂಪ್ಯೂಟರ್ ಬೋರ್ಡಿಗೆ. ತೋಳುಗಳು ಸಮ ಉದ್ದವಿದ್ದರೆ ನೂಕಿದಷ್ಟೇ ತೂಕ ಕಾಣುತ್ತದೆ. ಕೆಳತೋಳು 60, ಅಡ್ಡತೋಳು 30 ಆದರೆ ಓದು ದುಪ್ಪಟ್ಟು ಬರುತ್ತದೆ, ಲೋಡ್‌ಸೆಲ್ ಬೇಗ ಮಿತಿ ಮುಟ್ಟುತ್ತದೆ.

ದಿಕ್ಕು ತಪ್ಪಬಾರದು. ನೀರಿನ ಜೆಟ್ ಅಡ್ಡತೋಳು ಚಾಚಿರುವ ಕಡೆಗೇ ಹೋಗಬೇಕು. ಆಗ ಥ್ರಸ್ಟರ್ ಆಚೆಗೆ ಸರಿಯಲು ನೋಡುತ್ತದೆ, ಅಡ್ಡತೋಳು ಲೋಡ್‌ಸೆಲ್ ಮೇಲೆ ಒತ್ತುತ್ತದೆ. ತಿರುವಾದರೆ ತೋಳು ಮೇಲೆದ್ದು ಓದು ಸೊನ್ನೆಗೆ ಬೀಳುತ್ತದೆ. ಅಡ್ಡತೋಳಿನ ತುದಿಗೆ ಮೊದಲೇ 300 ಗ್ರಾಂ ತೂಕ ಕಟ್ಟಿಡಿ. ತೋಳು ಯಾವಾಗಲೂ ಲೋಡ್‌ಸೆಲ್‌ಗೆ ತಾಗಿಯೇ ಇರುತ್ತದೆ, ನಡುಗಿ ಕುಟ್ಟುವುದಿಲ್ಲ.

ಅಳತೆ ಕೂಡಿಸುವಾಗ, ಅಂದರೆ ಗೊತ್ತಿರುವ ತೂಕಕ್ಕೆ ಓದನ್ನು ಹೊಂದಿಸುವಾಗ (ಕ್ಯಾಲಿಬ್ರೇಷನ್), ಹಲವರು ಲೋಡ್‌ಸೆಲ್ ಮೇಲೆ ನೇರವಾಗಿ ತೂಕ ಇಡುತ್ತಾರೆ. ಇದು ತಪ್ಪು, ಏಕೆಂದರೆ ತೋಳಿನ ಉದ್ದದಲ್ಲಿ, ಕೋನದಲ್ಲಿ, ಬೇರಿಂಗಿನಲ್ಲಿ ಇರುವ ಕೊರತೆ ಅದರಲ್ಲಿ ಕಾಣುವುದಿಲ್ಲ. ತೊಟ್ಟಿಗೆ ನೀರು ತುಂಬುವ ಮೊದಲೇ ಥ್ರಸ್ಟರ್‌ನ ನಡುವಿಗೆ ದಾರ ಕಟ್ಟಿ, ನೂಕುವ ದಿಕ್ಕಿನಲ್ಲಿ ಮಟ್ಟವಾಗಿ ಎಳೆದು, ಒಂದು ರಾಟೆಯ ಮೇಲೆ ಹಾಯಿಸಿ ತೂಕದ ಕಲ್ಲು ತೂಗಿಬಿಡಿ. ಅರ್ಧ ಕೆ.ಜಿ., 1, 2, 3 ಕೆ.ಜಿ. ಹೀಗೆ ಏರಿಸಿ, ಮತ್ತೆ ಹಾಗೇ ಇಳಿಸಿ. ಏರುವಾಗಿನ ಓದಿಗೂ ಇಳಿಯುವಾಗಿನ ಓದಿಗೂ 20 ಗ್ರಾಂಗಿಂತ ಹೆಚ್ಚು ವ್ಯತ್ಯಾಸ ಬಂದರೆ ಎಲ್ಲೋ ಹಿಡಿಯುತ್ತಿದೆ ಎಂದರ್ಥ. ರಾಟೆ, ಬೇರಿಂಗ್ ಎರಡನ್ನೂ ನೋಡಿ. ಸಾಮಾನ್ಯವಾಗಿ ಬೋಲ್ಟನ್ನು ತೀರಾ ಬಿಗಿ ಮಾಡಿರುತ್ತೇವೆ. ಕೆ.ಜಿ.ಯನ್ನು ನ್ಯೂಟನ್‌ಗೆ ಬದಲಿಸಲು ಬೆಂಗಳೂರಿನಲ್ಲಿ 9.78ರಿಂದ ಗುಣಿಸಿ.

ಯಾವ ತೊಟ್ಟಿ?

200 ಲೀಟರಿನ ನೀಲಿ ಡ್ರಮ್ಮು ಮೊದಲು ಕಣ್ಣಿಗೆ ಬೀಳುತ್ತದೆ. ಅದು ಬೇಡ. 76 ಮಿ.ಮೀ. ಫ್ಯಾನ್ ಇರುವ ಒಂದು ಒಳ್ಳೆಯ ಥ್ರಸ್ಟರ್ 12 ವೋಲ್ಟಿನಲ್ಲಿ 200 ವಾಟ್ ಎಳೆದು ಸುಮಾರು ಮೂರೂವರೆ ಕೆ.ಜಿ. ನೂಕುತ್ತದೆ. ಫ್ಯಾನಿನ ವಿಸ್ತೀರ್ಣ ಹಿಡಿದು ಲೆಕ್ಕ ಹಾಕಿದರೆ ನೀರು ಅದರಿಂದ ಹೊರಬೀಳುವ ವೇಗ ಸೆಕೆಂಡಿಗೆ 2.7 ಮೀಟರ್, ಪ್ರಮಾಣ ಸೆಕೆಂಡಿಗೆ ಸುಮಾರು 12 ಲೀಟರ್. ಹೆಚ್ಚುಕಡಿಮೆ ಸೆಕೆಂಡಿಗೊಂದು ಬಕೆಟ್! ಡ್ರಮ್ಮಿನ ನೀರೆಲ್ಲ 16–17 ಸೆಕೆಂಡಿನಲ್ಲಿ ಒಂದು ಸುತ್ತು ಫ್ಯಾನಿನೊಳಗೆ ಹಾದುಹೋಗುತ್ತದೆ. ಆಮೇಲೆ ಫ್ಯಾನಿಗೆ ಸಿಗುವುದು ನಿಂತ ನೀರಲ್ಲ, ಆಗಲೇ ಸುತ್ತುತ್ತಿರುವ ನೀರು. ಹಾಗಾಗಿ ಓದು ಇಳಿಯುತ್ತಾ ಹೋಗುತ್ತದೆ, ಥ್ರಸ್ಟರ್ ಕೆಟ್ಟಿದೆ ಅನ್ನಿಸುತ್ತದೆ.

ಮನೆ ಕಟ್ಟುವ ಜಾಗದಲ್ಲಿ ಕ್ಯೂರಿಂಗಿಗೆಂದು ಕಟ್ಟಿರುವ ಉದ್ದನೆಯ ಸಿಮೆಂಟ್ ತೊಟ್ಟಿ ಇದಕ್ಕೆ ಹೇಳಿ ಮಾಡಿಸಿದ್ದು. ಜೆಟ್‌ನ ಮುಂದೆ ಕನಿಷ್ಠ ಒಂದೂವರೆ ಮೀಟರ್ ಖಾಲಿ ಜಾಗ, ಥ್ರಸ್ಟರ್ ಮೇಲೆ ಕನಿಷ್ಠ 25 ಸೆಂ.ಮೀ. ನೀರು ಇರಲಿ. ಮನೆಯ ಸಂಪಿನಲ್ಲಿ ಮಾಡುವುದಾದರೆ ಸ್ಟ್ಯಾಂಡನ್ನು ಮೇಲಿನಿಂದಲೇ ಇಳಿಬಿಡಿ. ಸಂಪಿನೊಳಗೆ ಯಾರೂ ಇಳಿಯಕೂಡದು, ಅಲ್ಲಿ ಗಾಳಿ ಕೆಟ್ಟಿರಬಹುದು. ಕೆರೆಗೆ ಒಯ್ಯುವ ಆಸೆ ಬಿಡಿ. ಅಂತರಗಂಗೆಯ ಬೇರು ಶಾಫ್ಟಿಗೆ ಸುತ್ತಿಕೊಂಡರೆ ಮೋಟರ್ ಅಲ್ಲೇ ನಿಂತು ಸುಡುತ್ತದೆ.

ವಿದ್ಯುತ್ ಜೋಡಣೆ

ಬ್ಯಾಟರಿ ಮಾತ್ರ ಬಳಸಿ: ಮೂರು ಸೆಲ್ಲಿನ ಲಿಥಿಯಂ ಪಾಲಿಮರ್ ಅಥವಾ 12 ವೋಲ್ಟಿನ ಲೆಡ್ ಆಸಿಡ್. ಗೋಡೆಯ ಪ್ಲಗ್ಗಿಗೆ ಹಾಕುವ ಯಾವ ಅಡಾಪ್ಟರೂ ತೊಟ್ಟಿಯ ಹತ್ತಿರ ಬರಬಾರದು. ಲ್ಯಾಪ್‌ಟಾಪ್ ಕೂಡ ಅದರದೇ ಬ್ಯಾಟರಿಯಲ್ಲಿ ಓಡಲಿ. ಬ್ಯಾಟರಿಯ ಪಾಸಿಟಿವ್ ತಂತಿಯಲ್ಲಿ 30 ಆಂಪ್ಸ್ ಫ್ಯೂಸ್, ನಂತರ ಡಿಸಿ ವಾಟ್‌ಮೀಟರ್, ನಂತರ ಮೋಟರಿನ ವೇಗ ಹತೋಟಿಯಲ್ಲಿಡುವ ಇಎಸ್‌ಸಿ. ಮೋಟರ್ ದೂರವಿದ್ದರೆ ಮೋಟರಿನ ಮೂರು ತಂತಿಗಳನ್ನು ಉದ್ದ ಮಾಡಿ, ಬ್ಯಾಟರಿ ತಂತಿಯನ್ನಲ್ಲ. ಬ್ಯಾಟರಿ ಕಡೆಯ ತಂತಿ ಉದ್ದವಾದಷ್ಟೂ ವೋಲ್ಟೇಜ್ ಕುಪ್ಪಳಿಸಿ ಇಎಸ್‌ಸಿಯ ಕೆಪಾಸಿಟರ್ ಹಾಳಾಗುತ್ತದೆ.

ಎರಡೂ ಕಡೆ ತಿರುಗಿಸುವ ಇಎಸ್‌ಸಿಗೆ ಆರ್ಡುಯಿನೋದಿಂದ 1500 ಮೈಕ್ರೋಸೆಕೆಂಡ್ ಉದ್ದದ ಸಿಗ್ನಲ್ ಹೋದರೆ ಅದರರ್ಥ ನಿಲ್ಲು. ಸ್ವಿಚ್ ಹಾಕಿದ ಕೂಡಲೇ ಮೂರು ನಾಲ್ಕು ಸೆಕೆಂಡ್ 1500 ಕೊಟ್ಟು, ಬೀಪ್ ಮುಗಿಯುವವರೆಗೆ ಕಾಯಿರಿ. ಅದಕ್ಕೆ ಮೊದಲೇ ಥ್ರಾಟಲ್, ಅಂದರೆ ಓಡು ಎಂಬ ಸಿಗ್ನಲ್, ಕೊಟ್ಟರೆ ಇಎಸ್‌ಸಿ ಮಾತೇ ಕೇಳುವುದಿಲ್ಲ. ಮೋಟರ್ ಉಲ್ಟಾ ತಿರುಗಿದರೆ ಮೂರರಲ್ಲಿ ಯಾವುದಾದರೂ ಎರಡು ತಂತಿ ಅದಲುಬದಲು ಮಾಡಿ.

ಓಡಿಸಿ ನೋಡುವುದು

1550ರಿಂದ ಶುರು ಮಾಡಿ 50ರಂತೆ ಏರಿಸಿ. ಪ್ರತಿ ಹಂತದಲ್ಲೂ 10 ಸೆಕೆಂಡ್ ಓಡಿಸಿ, ಮೊದಲ ಅರ್ಧ ಬಿಟ್ಟು ಕೊನೆಯ 5 ಸೆಕೆಂಡಿನ ಸರಾಸರಿ ಬರೆದುಕೊಳ್ಳಿ. ಜೊತೆಗೆ ವೋಲ್ಟ್, ಆಂಪ್ಸ್. ನಡುವೆ ಒಂದು ನಿಮಿಷ ಬಿಡಿ, ನೀರು ಪೂರ್ತಿ ನಿಲ್ಲಲಿ. ಈ ಒಂದು ನಿಮಿಷವನ್ನು ಉಳಿಸಲು ಹೋದವರ ಗ್ರಾಫ್ ಮೇಲಿನ ತುದಿಯಲ್ಲಿ ಯಾವಾಗಲೂ ಬಾಗಿರುತ್ತದೆ.

ಎಲ್ಲ ಹಂತಗಳಲ್ಲೂ ವಾಟಿಗೆ ಎಷ್ಟು ಗ್ರಾಂ ಎಂದು ಭಾಗಿಸಿ ನೋಡಿ. ಕಡಿಮೆ ಥ್ರಾಟಲ್‌ನಲ್ಲಿ ಈ ಸಂಖ್ಯೆ ಹೆಚ್ಚು, ಪೂರ್ತಿ ಥ್ರಾಟಲ್‌ನಲ್ಲಿ ಕಡಿಮೆ. ನೀರು ಜೋರಾಗಿ ಹೋದಷ್ಟೂ ಪ್ರತಿ ನ್ಯೂಟನ್ನಿಗೆ ಹೆಚ್ಚು ಶಕ್ತಿ ತೆರಬೇಕು. ಹಾಗಾಗಿ ಜಾಗವಿದ್ದರೆ ಸಣ್ಣ ಫ್ಯಾನನ್ನು ಜೋರಾಗಿ ಓಡಿಸುವ ಬದಲು ದೊಡ್ಡ ಫ್ಯಾನನ್ನು ನಿಧಾನಕ್ಕೆ ಓಡಿಸುವುದೇ ಮೇಲು.

ಕರೆಂಟ್ ಹೆಚ್ಚು, ನೂಕುಬಲ ಕಡಿಮೆ ಎಂದಾದರೆ ಮೊದಲು ಫ್ಯಾನ್ ಹಿಂದುಮುಂದಾಗಿ ಕೂತಿದೆಯೇ ನೋಡಿ. ತಿರುಗುವ ದಿಕ್ಕು ಸರಿಯಿದ್ದರೂ ಎಲೆಯ ಡೊಂಕು ಉಲ್ಟಾ ಇದ್ದರೆ ಹೀಗಾಗುತ್ತದೆ. ಅದಲ್ಲದಿದ್ದರೆ ಮೋಟರಿನ ಕೆವಿ ಜಾಸ್ತಿ. ಕೆವಿ ಎಂದರೆ ಲೋಡ್ ಇಲ್ಲದಾಗ ವೋಲ್ಟಿಗೆ ಎಷ್ಟು ಸುತ್ತು ಎಂಬ ಲೆಕ್ಕ. ಡ್ರೋನಿನ 1000 ಕೆವಿ ಮೋಟರಿಗೆ ನೀರು ತುಂಬಾ ಭಾರ. 300ರಿಂದ 500 ಕೆವಿಯದು ಸರಿ.

ಫ್ಯಾನಿನ ಸುತ್ತ ಬಳೆಯಂಥ ನಳಿಕೆ ಇದ್ದರೆ, ಅಷ್ಟೇ ಶಕ್ತಿಗೆ ಲೆಕ್ಕದ ಪ್ರಕಾರ ಶೇ. 26ರಷ್ಟು ಹೆಚ್ಚು ನೂಕುಬಲ ಸಿಗಬೇಕು. ಆದರೆ ಎಲೆಯ ತುದಿಗೂ ನಳಿಕೆಗೂ ನಡುವಿನ ಸಂದು 1 ಮಿ.ಮೀ. ಒಳಗಿರಬೇಕು. 3 ಮಿ.ಮೀ. ಬಿಟ್ಟರೆ ನೀರು ಆ ಸಂದಿನಲ್ಲೇ ಹಿಂದಕ್ಕೆ ನುಸುಳಿ ಲಾಭದ ಬಹುಪಾಲು ಹೋಗುತ್ತದೆ.

ಜಲ್ಲಿ ಸುರಿದಂಥ ಸದ್ದು ಬಂದರೆ ಎರಡು ಕಾರಣ. ಆಳ ಸಾಲದೆ ಮೇಲಿನಿಂದ ಗಾಳಿ ಎಳೆದುಕೊಳ್ಳುತ್ತಿರಬಹುದು; ನೀರಿನ ಮೇಲೆ ಸುಳಿ ಕಂಡರೆ ಅದೇ. ಸುಳಿ ಇಲ್ಲದೆ ಸದ್ದು ಬಂದರೆ ಕ್ಯಾವಿಟೇಷನ್: ಎಲೆಯ ಬೆನ್ನಿನಲ್ಲಿ ಒತ್ತಡ ಸುಮಾರು 3 ಕಿಲೋಪಾಸ್ಕಲ್‌ಗಿಂತ ಕೆಳಗಿಳಿದು ತಣ್ಣೀರೇ ಕುದಿಯುತ್ತದೆ, ಆ ಗುಳ್ಳೆಗಳು ಒಡೆದು ಎಲೆಯನ್ನು ಕೊರೆಯುತ್ತವೆ. ಇಲ್ಲಿ ಬೆಂಗಳೂರಿಗೇ ಸೇರಿದ ಒಂದು ವಿಷಯವಿದೆ. ನಾವಿರುವುದು ಸಮುದ್ರಮಟ್ಟಕ್ಕಿಂತ ಸುಮಾರು 920 ಮೀಟರ್ ಎತ್ತರದಲ್ಲಿ. ಗಾಳಿಯ ಒತ್ತಡ ಸುಮಾರು 91 ಕಿಲೋಪಾಸ್ಕಲ್, ಮಂಗಳೂರಿನಲ್ಲಿ 101. ಒಂದು ಮೀಟರ್ ನೀರಿನ ಒತ್ತಡ ಸುಮಾರು 9.8. ಅಂದರೆ ಇಲ್ಲಿ ಒಂದು ಮೀಟರ್ ಆಳಕ್ಕಿಳಿಸಿದ ಥ್ರಸ್ಟರಿನ ಮೇಲಿರುವುದು ಮಂಗಳೂರಿನ ಕಡಲಿನ ಮೇಲ್ಮೈಯಷ್ಟೇ ಒತ್ತಡ. ಇಲ್ಲಿ ಗುಳ್ಳೆ ಎಬ್ಬಿಸುವ ಫ್ಯಾನ್ ಅಲ್ಲಿ ಸುಮ್ಮನೆ ಓಡಬಹುದು.

ಕೆಲಸ ಮುಗಿದ ಮೇಲೆ ಥ್ರಸ್ಟರನ್ನು ಒಳ್ಳೆಯ ನೀರಿನಲ್ಲಿ ತೊಳೆದು, ಒಣಗಿಸಿ, ಬೇರಿಂಗಿಗೆ ಒಂದು ಹನಿ ಎಣ್ಣೆ ಬಿಡಿ. ಬೋರ್‌ವೆಲ್ ನೀರಿನ ಸುಣ್ಣ ಬೇರಿಂಗಿನಲ್ಲಿ ಕೂತರೆ ಮುಂದಿನ ಸಲ ಮೋಟರ್ ಗರಗರ ಅನ್ನುತ್ತದೆ. ಮೋಟರಿನ ಸುರುಳಿಗೆ ನೀರು ತಾಗದಂತೆ ಬಳಿದ ಎಪಾಕ್ಸಿ ಅಂಟು ಗಟ್ಟಿಯಾಗಿದೆಯೇ ನೋಡಲು ಚಿಟಿಕೆ ಉಪ್ಪು ಹಾಕಿದ ನೀರಿನಲ್ಲಿ ಮೋಟರ್ ಮುಳುಗಿಸಿ, ತಂತಿಗೂ ನೀರಿಗೂ ನಡುವೆ ಮಲ್ಟಿಮೀಟರಿನಲ್ಲಿ ಓಮ್ ಅಳೆಯಿರಿ. ಮೀಟರಿನ ಮಿತಿ ಮೀರಿ ತೋರಿಸಬೇಕು. ಕಿಲೋ ಓಮ್ ಬಂದರೆ ಎಲ್ಲೋ ಬಿರುಕಿದೆ.

ಅದೇ ಸ್ಟ್ಯಾಂಡಿನಲ್ಲಿ ಗಾಳಿ

ಈಗ ಥ್ರಸ್ಟರ್ ಬಿಚ್ಚಿ, ಆ ಜಾಗಕ್ಕೆ 3ಡಿ ಪ್ರಿಂಟರಿನ 1 ಮಿ.ಮೀ. ಹಿತ್ತಾಳೆ ನಾಜಲ್ ಕಟ್ಟಿ. 5 ಕೆ.ಜಿ. ಲೋಡ್‌ಸೆಲ್ ತೆಗೆದು 1 ಕೆ.ಜಿ.ಯದು ಹಾಕಿ, 10, 20, 50 ಗ್ರಾಂ ಕಲ್ಲಿನಲ್ಲಿ ಮತ್ತೆ ಅಳತೆ ಕೂಡಿಸಿ. ಗಾಳಿ ಬರುವುದು ಕಂಪ್ರೆಸರಿನ ಟ್ಯಾಂಕಿನಿಂದ, ರೆಗ್ಯುಲೇಟರಿನಲ್ಲಿ 4 ಬಾರ್‌ಗೆ ಇಟ್ಟು, ಕರೆಂಟ್ ಕೊಟ್ಟಾಗ ತೆರೆಯುವ 12 ವೋಲ್ಟಿನ ಸೊಲೆನಾಯ್ಡ್ ವಾಲ್ವ್ ಮೂಲಕ. ಕನ್ನಡಕ ಹಾಕಿಕೊಳ್ಳಿ.

ಇಲ್ಲಿ ಕಾಡುವುದು ಹೋಸ್. ಗಾಳಿ ತುಂಬಿದ ಕೂಡಲೇ ಬಾಗಿದ ಹೋಸ್ ನೆಟ್ಟಗಾಗಲು ನೋಡಿ ತೋಳನ್ನು ತಳ್ಳುತ್ತದೆ, ಆ ತಳ್ಳು ನಾಜಲ್ ಕೊಡುವುದಕ್ಕಿಂತ ಹೆಚ್ಚಿರಬಹುದು. ಹೋಸನ್ನು ತಿರುಗುಗೂಟದ ಬೋಲ್ಟಿನ ನೇರಕ್ಕೆ ತಂದು, ಅಲ್ಲಿಂದ ತೋಳಿಗೆ ಬಿಗಿದು ಇಳಿಸಿ. ಆಮೇಲೆ ನಾಜಲ್ ಬಾಯಿ ಮುಚ್ಚಿ ಒತ್ತಡ ಏರಿಸಿ ನೋಡಿ, ಓದು ಅಲುಗಬಾರದು.

ಸುಮಾರು 40 ಗ್ರಾಂ, ಅಂದರೆ 0.4 ನ್ಯೂಟನ್ ಬರಬೇಕು. ಇದಕ್ಕೆ ಸೆಕೆಂಡಿಗೆ ಖರ್ಚಾಗುವ ಗಾಳಿ ಸುಮಾರು 0.9 ಗ್ರಾಂ. ಭಾಗಿಸಿದರೆ ಎಸೆತದ ವೇಗ ಸೆಕೆಂಡಿಗೆ 440 ಮೀಟರಿನಷ್ಟು. ಇದೇ ನಾಜಲನ್ನು ನಿರ್ವಾತದಲ್ಲಿಟ್ಟರೆ ಎದುರಿಗೆ ಒತ್ತುವ ಗಾಳಿ ಇಲ್ಲದೆ ಇನ್ನೂ 0.07 ನ್ಯೂಟನ್ ಸಿಗುತ್ತದೆ. ತಣ್ಣನೆಯ ಅನಿಲ ಬಿಟ್ಟು ಸಣ್ಣ ಉಪಗ್ರಹಗಳನ್ನು ತಿರುಗಿಸುವ ಥ್ರಸ್ಟರುಗಳು ಇದೇ ಜಾತಿಯವು.

ಉಪಗ್ರಹದಲ್ಲಿ ಲೆಕ್ಕ ತಿರುಗುವುದು

ಹಡಗಿಗೆ ಎಸೆಯುವ ಸರಕು ಸುತ್ತಲೂ ಬಿಟ್ಟಿ ಸಿಗುತ್ತದೆ, ಉಳಿಸಬೇಕಾದದ್ದು ಶಕ್ತಿಯನ್ನು. ಉಪಗ್ರಹದಲ್ಲಿ ಶಕ್ತಿ ಸೂರ್ಯನಿಂದ ದಿನವೂ ಬರುತ್ತದೆ, ಎಸೆಯುವ ಸರಕನ್ನು ಮಾತ್ರ ಇಲ್ಲಿಂದಲೇ ಹೊತ್ತೊಯ್ಯಬೇಕು. ಅದಕ್ಕೇ ಅಲ್ಲಿ ಸ್ವಲ್ಪವನ್ನೇ ಭಯಂಕರ ವೇಗದಲ್ಲಿ ಎಸೆಯುತ್ತಾರೆ. 300 ವಾಟಿನ ಒಂದು ವಿದ್ಯುತ್ ಥ್ರಸ್ಟರ್ ಜೆನಾನ್ ಅನಿಲವನ್ನು ಸೆಕೆಂಡಿಗೆ 15 ಕಿಲೋಮೀಟರ್ ವೇಗದಲ್ಲಿ ಎಸೆದರೆ ಸಿಗುವುದು ಸುಮಾರು 15 ಮಿಲಿನ್ಯೂಟನ್, ನಮ್ಮ ಸ್ಟ್ಯಾಂಡಿನಲ್ಲಿ ಒಂದೂವರೆ ಗ್ರಾಂ. ಆದರೆ ಖರ್ಚು ಸೆಕೆಂಡಿಗೆ ಒಂದು ಮಿಲಿಗ್ರಾಂ ಮಾತ್ರ.

ಭೂಸ್ಥಿರ ಕಕ್ಷೆಯ ಉಪಗ್ರಹ ತನ್ನ ಜಾಗದಲ್ಲೇ ನಿಲ್ಲಲು ಪ್ರತಿ ವರ್ಷ ತನ್ನ ವೇಗವನ್ನು ಒಟ್ಟು ಸೆಕೆಂಡಿಗೆ 50 ಮೀಟರಿನಷ್ಟು ತಿದ್ದಬೇಕು. 1000 ಕೆ.ಜಿ. ಉಪಗ್ರಹಕ್ಕೆ 15 ವರ್ಷದ ಲೆಕ್ಕ ಹಾಕಿ. ರಾಸಾಯನಿಕ ಥ್ರಸ್ಟರಿನ ಎಸೆತ ಸೆಕೆಂಡಿಗೆ 2850 ಮೀಟರ್ ಎಂದಿಟ್ಟುಕೊಂಡರೆ 230 ಕೆ.ಜಿ. ಇಂಧನ ಬೇಕು, ಜೆನಾನ್ ಆದರೆ 49 ಕೆ.ಜಿ. ಸಾಕು. 2017ರ ಮೇ 5ರಂದು ಹಾರಿದ ಜಿಸ್ಯಾಟ್-9ರಲ್ಲಿ ಇಸ್ರೋ ಜೆನಾನ್ ವ್ಯವಸ್ಥೆ ಇಟ್ಟದ್ದು ಈ ಉಳಿತಾಯಕ್ಕಾಗಿ.

ಹಾಗೆಂದು ರಾಸಾಯನಿಕ ಥ್ರಸ್ಟರ್ ಬಿಡಲಾಗದು. ಇಳಿಯುವಾಗ ಭಾರವನ್ನು ಆ ಕ್ಷಣವೇ ಹೊರಬೇಕು. ಚಂದ್ರಯಾನ-3ರ ಲ್ಯಾಂಡರಿನಲ್ಲಿ 800 ನ್ಯೂಟನ್ನಿನ ನಾಲ್ಕು ಎಂಜಿನ್‌ಗಳಿದ್ದವು. ಇಂಥವುಗಳಲ್ಲಿ ಇಂಧನ, ಅದನ್ನು ಉರಿಸುವ ಆಕ್ಸಿಡೈಸರ್ ಎರಡೂ ಸೇರಿದ ಕೂಡಲೇ ತಾವೇ ಹೊತ್ತಿಕೊಳ್ಳುತ್ತವೆ, ಕಿಡಿ ಬೇಕಿಲ್ಲ. ಕೈಕೊಡುವುದು ಸಾಮಾನ್ಯವಾಗಿ ಉರಿಯಲ್ಲ, ವಾಲ್ವ್: ಸೀಲು ಉಬ್ಬುವುದು, ಕೊಳವೆಯಲ್ಲಿ ಸೋರುವುದು, ಕೊರೆತ.

ಮಂಗಳಯಾನದ 440 ನ್ಯೂಟನ್ ಎಂಜಿನ್ 2013ರ ಡಿಸೆಂಬರ್ 1ರ ನಂತರ ಸುಮಾರು 300 ದಿನ ಸುಮ್ಮನಿತ್ತು. ಮಂಗಳದ ಕಕ್ಷೆಗೆ ಇಳಿಸಲು ಅದು 24 ನಿಮಿಷ ಉರಿಯಬೇಕಿತ್ತು. ಎರಡು ದಿನ ಮೊದಲು, 2014ರ ಸೆಪ್ಟೆಂಬರ್ 22ರಂದು, ಅದನ್ನು ಬರೀ 4 ಸೆಕೆಂಡ್ ಹೊತ್ತಿಸಿ ನೋಡಿದರು. ನಿಮ್ಮ ಥ್ರಸ್ಟರ್ ಮಳೆಗಾಲವೆಲ್ಲ ಅಟ್ಟದ ಮೇಲಿದ್ದರೆ ಅದಕ್ಕೂ ಹಾಗೇ ಮಾಡಿ. ಮೊದಲು ಕೈಯಲ್ಲಿ ಫ್ಯಾನ್ ತಿರುಗಿಸಿ, ಆಮೇಲೆ 1550ರಲ್ಲಿ 4 ಸೆಕೆಂಡ್. ಆಂಪ್ಸ್ ಹಿಂದಿನ ಪಟ್ಟಿಗೆ ಹೊಂದಿದರೆ ರೋಬೋಗೆ ಕಟ್ಟಿ. ಹೆಚ್ಚು ಬಂದರೆ ಬೇರಿಂಗ್ ಬದಲಿಸಿ.