ನಾದದಿಂದ ಶಕ್ತಿ: ಕಲ್ಪನಾಲೋಕಕ್ಕೊಂದು ಸಿದ್ಧಾಂತ ಕಟ್ಟುವ ಬಗೆ

ಹಾಸನ, ಸಕಲೇಶಪುರದ ಕಡೆಯ ಕಿರಿಯ ಕಥೆಗಾರರು ಅದ್ಭುತ ಕಥೆಗಳತ್ತ ಹೊರಳಿರುವುದು ಸಂತೋಷದ ವಿಷಯವೇ ಆದರೂ, ಅವರ ಹಸ್ತಪ್ರತಿಗಳನ್ನು ಓದುವಾಗ ಒಂದೇ ತೊಡಕು ಮತ್ತೆ ಮತ್ತೆ ಎದುರಾಗುತ್ತದೆ. ನಾಯಕಿ ಒಂದು ರಾಗ ಎತ್ತಿಕೊಂಡರೆ ಬೆಟ್ಟ ಸೀಳುತ್ತದೆ. ಮುಂದಿನ ಅಧ್ಯಾಯದಲ್ಲಿ ಅದೇ ನಾಯಕಿಯನ್ನು ನಾಲ್ವರು ಕಾವಲುಗಾರರು ಹಗ್ಗದಿಂದ ಕಟ್ಟಿಹಾಕುತ್ತಾರೆ. ಬೆಟ್ಟ ಸೀಳಿದವಳಿಗೆ ಹಗ್ಗ ಹರಿಯಲು ಏನು ಅಡ್ಡಿ ಎಂದು ಕೇಳಿದರೆ ಲೇಖಕರು ತಲೆ ಕೆರೆದುಕೊಳ್ಳುತ್ತಾರೆ. ನಾದದ ಶಕ್ತಿಗೆ ಮೊದಲೇ ನಿಯಮಗಳನ್ನು ಕಟ್ಟಿಕೊಂಡರೆ ಈ ತೊಡಕು ಬಾರದು; ಕಟ್ಟುವ ಹಂತಗಳು ಇಲ್ಲಿವೆ.

ಮೊದಲು ನಿಜಲೋಕದ ಲೆಕ್ಕ ತಿಳಿದಿರಬೇಕು. ಶಬ್ದದಲ್ಲಿರುವ ಶಕ್ತಿ ತೀರ ಅಲ್ಪ. ಕಿವಿ ನೋಯಿಸುವ 120 ಡೆಸಿಬೆಲ್ ಸದ್ದು ಕೂಡ ಒಂದು ಚದರ ಮೀಟರಿಗೆ ತಂದು ಹಾಕುವುದು ಬರೀ 1 ವ್ಯಾಟ್. ನಡುಹಗಲಿನ ಬಿಸಿಲು ಅಷ್ಟೇ ಜಾಗಕ್ಕೆ ಸುಮಾರು 1,000 ವ್ಯಾಟ್ ಸುರಿಯುತ್ತದೆ. ಆ 1 ವ್ಯಾಟ್ ಅನ್ನು ಒಂದಿಷ್ಟೂ ಪೋಲಾಗದಂತೆ ಹಿಡಿದರೂ 200 ಮಿಲಿಲೀಟರ್ ನೀರು ಕುದಿಯಲು ಸುಮಾರು 17 ಗಂಟೆ ಬೇಕು. ಆದ್ದರಿಂದ ‘ಜೋರಾಗಿ ಕೂಗಿದಷ್ಟೂ ಹೆಚ್ಚು ಶಕ್ತಿ’ ಎಂಬ ನಿಯಮವನ್ನು ದಯವಿಟ್ಟು ಬಿಟ್ಟುಬಿಡಿ. ಇಂತಿಷ್ಟು ಹರ್ಟ್ಸ್‌ನ (ಸೆಕೆಂಡಿಗೆ ಇಷ್ಟು ಕಂಪನಗಳ) ಸದ್ದು ಕೇಳಿದರೆ ರೋಗ ವಾಸಿ ಎಂದು ಸಾರುವ ವಿಡಿಯೊಗಳಿಂದ ಸಾಮಗ್ರಿ ಎತ್ತಿಕೊಳ್ಳುವುದೂ ಬೇಡ. ಅವುಗಳಲ್ಲಿ ವಿಜ್ಞಾನವೂ ಇಲ್ಲ, ಒಳ್ಳೆಯ ಸುಳ್ಳೂ ಇಲ್ಲ.

ಎರಡನೆಯದಾಗಿ, ನಿಜವಾದ ನಿಯಮಗಳಲ್ಲಿ ಒಂದನ್ನು, ಒಂದೇ ಒಂದನ್ನು, ಮುರಿಯಿರಿ.

ಎಲ್ಲರೂ ಎಡವುವುದು ಮೂರನೆಯ ಹಂತದಲ್ಲಿ, ಅಂದರೆ ಶೇಖರಣೆಯಲ್ಲಿ. ಶಬ್ದ ನಿಲ್ಲುವ ವಸ್ತುವಲ್ಲ. ಬಯಲಿನಲ್ಲಿ ದೂರ ಎರಡರಷ್ಟಾದರೆ ಅದು ಹರಡಿಕೊಂಡು ತೀವ್ರತೆ ಕಾಲು ಭಾಗಕ್ಕಿಳಿಯುತ್ತದೆ, ಕೊನೆಗೆ ಗೋಡೆ, ಗಿಡ, ಗಾಳಿಗಳಲ್ಲಿ ಕೊಂಚ ಶಾಖವಾಗಿ ಅಡಗಿಹೋಗುತ್ತದೆ. ಹಾಗಾದರೆ ನಿಮ್ಮ ಲೋಕದಲ್ಲಿ ಅದನ್ನು ಹಿಡಿದಿಡುವುದು ಯಾವುದು? ಹೊಳೆಯುವ ಹರಳು ಎಂದು ಬರೆಯುವವರೇ ಹೆಚ್ಚು, ಆದರೆ ಹರಳಿನಿಂದ ಕಥೆ ಹುಟ್ಟುವುದನ್ನು ನಾನು ಕಂಡಿಲ್ಲ. ಹಾಸನದವರಿಗೆ ಮನೆಬಾಗಿಲಲ್ಲೇ ಬಳಪದ ಕಲ್ಲಿದೆ. ಬೇಲೂರು, ಹಳೇಬೀಡುಗಳ ಶಿಲ್ಪಿಗಳು ಬಳಸಿದ ಈ ಕಲ್ಲು ಗಣಿಯಿಂದ ತೆಗೆದ ಹೊಸತರಲ್ಲಿ ಮೆದುವಾಗಿದ್ದು, ಗಾಳಿಗೆ ಒಡ್ಡಿಕೊಂಡಂತೆ ಗಡುಸಾಗುತ್ತದೆ. ಮದನಿಕೆಯರ ಕೊರಳ ಹಾರದ ಒಂದೊಂದು ಮಣಿಯನ್ನೂ ಬಿಡಿಸಿ ಕೆತ್ತಲು ಸಾಧ್ಯವಾದದ್ದು ಆ ಮೆದುತನದಿಂದಲೇ.

ಇಷ್ಟು ನಿಜ. ಇದರ ಮೇಲೆ ನಮ್ಮ ಸುಳ್ಳನ್ನು ಕೂರಿಸೋಣ: ಮೆದುವಾಗಿರುವವರೆಗೆ ಕಲ್ಲು ತನ್ನೆದುರಿನ ನಾದವನ್ನು ಕುಡಿಯುತ್ತದೆ, ಗಡುಸಾದ ಮೇಲೆ ಅದನ್ನು ಬಿಡುವುದಿಲ್ಲ. ಈಗ ಲೆಕ್ಕವೂ ಹೊಂದಿಕೊಳ್ಳುತ್ತದೆ, ಏಕೆಂದರೆ ಅಲ್ಪಶಕ್ತಿಯಾದರೂ ಹಲವು ವರ್ಷ ಕೂಡಿಟ್ಟರೆ ಅಲ್ಪವಲ್ಲ. ಬಿಡಿಸುವ ಕೀಲಿಯಾಗಿ ಅನುರಣನೆಯನ್ನು, ಅಂದರೆ ತನ್ನ ಶ್ರುತಿಗೆ ಹೊಂದುವ ಸದ್ದಿಗೆ ವಸ್ತು ತಾನೂ ಕಂಪಿಸುವ ಗುಣವನ್ನು, ಇಟ್ಟುಕೊಳ್ಳಿ: ತುಂಬಿದ ಶ್ರುತಿಯನ್ನೇ ಮತ್ತೆ ನುಡಿಸಿದರೆ ಮಾತ್ರ ಕಲ್ಲು ಬಾಯಿಬಿಡಬೇಕು, ಅದೂ ಒಂದೇ ಸಲ. ಸೋರಿಕೆಯನ್ನು ಮರೆಯಬೇಡಿ. ಶಿರಾಡಿ ಘಾಟಿಯ ತಿರುವಿನಲ್ಲಿ ಯಾವುದೋ ಲಾರಿಯ ಹಾರ್ನ್ ಅಕಸ್ಮಾತ್ತಾಗಿ ಅದೇ ಶ್ರುತಿಗೆ ಕೂಡಿಬಂದರೆ ಏನಾದೀತು ಎಂದು ಯೋಚಿಸಿದರೆ ಒಂದು ಅಧ್ಯಾಯ ತಾನಾಗಿ ಸಿಗುತ್ತದೆ. ಆಲೂರು, ಸಕಲೇಶಪುರದ ತೋಟಗಳಲ್ಲಿ ಓಡಾಡುವ ಕಾಡಾನೆಗಳು 20 ಹರ್ಟ್ಸ್‌ಗಿಂತ ಕೆಳಗಿನ, ನಮ್ಮ ಕಿವಿಗೆ ಬೀಳದ ದನಿಯಲ್ಲೂ ಮಾತಾಡಿಕೊಳ್ಳುತ್ತವೆ. ಆ ದನಿ ಕುಡಿದ ಕಲ್ಲನ್ನು ಯಾವ ಮನುಷ್ಯನ ಗಂಟಲೂ ತೆರೆಯಲಾರದು. ನಾನಾಗಿದ್ದರೆ ಇಡೀ ಕಾದಂಬರಿಯನ್ನು ಆ ಕಲ್ಲಿನ ಸುತ್ತಲೇ ಕಟ್ಟುತ್ತಿದ್ದೆ.

ನಾಲ್ಕನೆಯದು ಬೆಲೆ. ಬಳಸಿದವರಿಗೆ ಸುಸ್ತಾಗುತ್ತದೆ ಎಂದು ಬರೆಯುವುದು ಸೋಮಾರಿಗಳ ಅಡ್ಡದಾರಿ. ಉಂಡು ಮಲಗಿದರೆ ಹೋಗುವ ಸುಸ್ತು ಬೆಲೆಯಾಗುವುದಿಲ್ಲ. ಕಲ್ಲಿಗೆ ಊಡಿದ ಸ್ವರ ಹಾಡಿದವರ ಕೊರಳಿನಿಂದ ಶಾಶ್ವತವಾಗಿ ಹೋಗಲಿ. ಆಗ ಮಂದ್ರ ಷಡ್ಜವನ್ನು (ಕೆಳಸ್ಥಾಯಿಯ ‘ಸ’ ಸ್ವರವನ್ನು) ಕೊಟ್ಟ ತಾಯಿ ಮಗುವಿಗೆ ಜೋಗುಳ ಹಾಡುವಾಗ ಪ್ರತಿ ಸಾಲಿನ ಕೊನೆಯಲ್ಲೂ ತುಟಿ ಆಡಿಸಿ ಸುಮ್ಮನಾಗಬೇಕಾಗುತ್ತದೆ, ಮತ್ತು ಓದುಗನಿಗೆ ನಿಯಮವನ್ನು ಬೇರೆ ವಿವರಿಸುವ ಅಗತ್ಯವೂ ಬೀಳುವುದಿಲ್ಲ.

ನಾದ ದೂರದ ಕಲ್ಲನ್ನು ತಲುಪಲು ಎಷ್ಟು ಹೊತ್ತು ಬೇಕೆಂಬ ಲೆಕ್ಕ ಸುಲಭ: 20 ಡಿಗ್ರಿ ಸೆಲ್ಸಿಯಸ್ ಗಾಳಿಯಲ್ಲಿ ಶಬ್ದದ ವೇಗ ಸೆಕೆಂಡಿಗೆ 343 ಮೀಟರ್, ಅಂದರೆ ಐದು ಕಿಲೋಮೀಟರ್ ಆಚೆಯ ನಗಾರಿ ಕೇಳಲು ಹೆಚ್ಚುಕಡಿಮೆ 15 ಸೆಕೆಂಡ್.

ಹೆಸರುಗಳನ್ನು ಕೊನೆಗಿಡಿ. ಗುಂಡಿ ಒತ್ತಿದರೆ ಹೆಸರು ಉದುರಿಸುವ ಆ್ಯಪ್‌ಗಳು ಕನ್ನಡದ ನಾಲಿಗೆಗೆ ಹೊರಳದ ಹೆಸರುಗಳನ್ನೇ ಕೊಡುತ್ತವೆ. ಕಲ್ಲುಕುಟಿಗರು, ತಮಟೆಯವರು, ತೋಟದ ಆಳುಗಳು ಆಡುವ ಮಾತಿನಲ್ಲಿ ಬೇಕಾದಷ್ಟಿವೆ.

ಕಡೆಯದಾಗಿ, ಎಲ್ಲ ನಿಯಮಗಳನ್ನೂ ಒಂದೇ ಪುಟದಲ್ಲಿ ಬರೆದು, ಕಥೆ ಓದದ ಗೆಳೆಯರೊಬ್ಬರಿಗೆ ಕೊಟ್ಟು, ಇದನ್ನು ಬಳಸಿ ಮೋಸ ಮಾಡುವುದು ಹೇಗೆಂದು ಕೇಳಿ. ಮೊಬೈಲಿನಲ್ಲಿ ಶ್ರುತಿಯನ್ನು ಧ್ವನಿಮುದ್ರಿಸಿಕೊಂಡು ಕಲ್ಲಿಗೆ ಕೇಳಿಸಿದರಾಯಿತು ಎಂದು ಅವರು ಖಂಡಿತ ಹೇಳುತ್ತಾರೆ. ಅದಕ್ಕೆ ಉತ್ತರವನ್ನು ಹನ್ನೆರಡನೆಯ ಅಧ್ಯಾಯದಲ್ಲಿ ಯಾರದೋ ಬಾಯಿಂದ ಹೇಳಿಸದೆ, ಆ ಪುಟದಲ್ಲೇ ತಿದ್ದಿಕೊಂಡು ಬರವಣಿಗೆ ಶುರುಮಾಡಿ.