ಟೈರು, ಟಾರು, ನಡುವೆ ಸಿಕ್ಕಿದ ನೀರು: ಘರ್ಷಣೆ ಅಳೆದ ನನ್ನ ಅನುಭವ

ಮೊದಲ ಪಿಯುಸಿಗೆ ಘರ್ಷಣೆಯ ಪಾಠ ಮಾಡುವಾಗ ಒಂದು ಪ್ರಶ್ನೆ ಬಂದೇ ಬರುತ್ತದೆ. ಪಾಠದಲ್ಲಿ ಇರುವುದು ಇಷ್ಟು: ಘರ್ಷಣೆಯ ಬಲ ಮೇಲಿನ ಭಾರಕ್ಕೆ ತಕ್ಕಂತೆ ಇರುತ್ತದೆ, ತಾಗಿರುವ ಜಾಗ ದೊಡ್ಡದೋ ಚಿಕ್ಕದೋ ಲೆಕ್ಕಕ್ಕಿಲ್ಲ. ಆಗ ಹಿಂದಿನ ಬೆಂಚಿನಿಂದ ಯಾರಾದರೂ ಕೇಳುತ್ತಾರೆ, "ಹಾಗಾದ್ರೆ ರೇಸ್ ಕಾರಿಗೆ ಅಷ್ಟು ಅಗಲದ ಟೈರು ಯಾಕೆ ಸಾರ್?"

"ಅದು ಸಿಲಬಸ್‌ನಲ್ಲಿ ಇಲ್ಲ" ಅಂತ ದಾಟಿಸಬಹುದು. ಆದರೆ ನಾನು ಹಾಸನದಿಂದ ಸಕಲೇಶಪುರದ ಕಡೆ ಬೈಕಿನಲ್ಲೇ ಓಡಾಡುವವನು. ಮಳೆಗಾಲ ಶುರುವಾದರೆ ಆ ಪ್ರಶ್ನೆ ನನಗೂ ಬೇಕಾದದ್ದೇ. ಪುಸ್ತಕದ ಉದಾಹರಣೆಗಳಲ್ಲಿ ಘರ್ಷಣಾ ಗುಣಾಂಕ, ಅಂದರೆ ಘರ್ಷಣೆಯ ಬಲವನ್ನು ಮೇಲಿನ ಭಾರದಿಂದ ಭಾಗಿಸಿದರೆ ಸಿಗುವ, ನಾವೆಲ್ಲ 'ಮ್ಯೂ' ಅನ್ನುವ ಸಂಖ್ಯೆ, ಒಂದೇ ಒಂದು ಕೊಟ್ಟಿರುತ್ತಾರೆ. ನಮ್ಮ ಕಡೆಯ ರಸ್ತೆಯಲ್ಲಿ ಅದು ನಿಜವಾಗಿ ಎಷ್ಟು ಅಂತ ಅಳೆದೇ ನೋಡೋಣ ಅನ್ನಿಸಿತು.

ಮೊದಲು ಆ ನಿಯಮದ ವಯಸ್ಸು ನೋಡಿ. ಫ್ರಾನ್ಸಿನ ಅಮಾಂಟನ್ಸ್ ಅದನ್ನು ಹೇಳಿದ್ದು 1699ರಲ್ಲಿ. ಕೂಲಂಬ್ ಅದರ ಮೇಲೆ ಕೆಲಸ ಮಾಡಿದ್ದು 1785ರ ಹೊತ್ತಿಗೆ. ಅವರ ಮುಂದೆ ಇದ್ದದ್ದು ಮರ, ಲೋಹ, ಹಗ್ಗ. ಗುಡ್‌ಇಯರ್ ಗಂಧಕ ಸೇರಿಸಿ ರಬ್ಬರನ್ನು ಗಟ್ಟಿ ಮಾಡಿದ್ದು 1839ರಲ್ಲಿ, ಡನ್‌ಲಪ್ ಗಾಳಿ ತುಂಬಿದ ಟೈರು ಮಾಡಿದ್ದು 1888ರಲ್ಲಿ. ಟೈರು ಹುಟ್ಟುವ ಮೊದಲೇ ಬರೆದ ನಿಯಮ ಅದು. ಟೈರು ಅದನ್ನು ಪಾಲಿಸದಿದ್ದರೆ ಕೂಲಂಬ್‌ನನ್ನು ದೂರುವ ಹಾಗಿಲ್ಲ.

ಶುರು ಮಾಡಿದ್ದು ಲ್ಯಾಬಿನಲ್ಲೇ. ಹಳೆಯ ಟೈರಿನ ಮೇಲ್ಮೈಯ ಚಪ್ಪಟೆ ತುಂಡೊಂದನ್ನು ಒರಟು ಕಲ್ಲಿನ ಚಪ್ಪಡಿ ಮೇಲೆ ಇಟ್ಟೆವು. ಚಪ್ಪಡಿಯ ಒಂದು ತುದಿಯನ್ನು ನಿಧಾನವಾಗಿ ಎತ್ತುತ್ತಾ ಹೋದೆವು. ತುಂಡು ಜಾರಲು ಶುರುವಾದ ಕೋನದ ಟ್ಯಾನ್ ಬೆಲೆಯೇ ಮ್ಯೂ. ಇದು ಎಲ್ಲ ಕಾಲೇಜಿನಲ್ಲೂ ಮಾಡುವ ಪ್ರಯೋಗ. ಆದರೆ ಮರದ ತುಂಡಿನ ಬದಲು ರಬ್ಬರ್ ಇಟ್ಟರೆ ಮಜಾ ಶುರುವಾಗುತ್ತದೆ. ತುಂಡಿನ ಮೇಲೆ ಅರ್ಧ ಕಿಲೋ, ಒಂದು ಕಿಲೋ ಬಟ್ಟು ಇಟ್ಟಂತೆ ಜಾರುವ ಕೋನ ಸ್ವಲ್ಪ ಸ್ವಲ್ಪ ಕಡಿಮೆಯಾಗುತ್ತಾ ಬಂತು. ನಿಯಮದ ಪ್ರಕಾರ ಅದು ಬದಲಾಗಬಾರದು. ಇನ್ನೊಂದು ವಿಷಯ, ರಬ್ಬರ್ ತುಂಡು ಒಮ್ಮೆಲೇ ಜಾರುವುದಿಲ್ಲ. ಕಣ್ಣಿಗೆ ಕಾಣದಷ್ಟು ನಿಧಾನವಾಗಿ ತೆವಳುತ್ತದೆ, ಆಮೇಲೆ ಜಾರುತ್ತದೆ. "ಈಗ ಜಾರ್ತು" ಅಂತ ಯಾವಾಗ ಹೇಳಬೇಕು ಅನ್ನುವುದರಲ್ಲೇ ಹುಡುಗರ ನಡುವೆ ಜಗಳ.

ಕಾರಣ ರಬ್ಬರಿನ ಮೆದುತನ. ಎರಡು ಗಟ್ಟಿ ವಸ್ತುಗಳು ತಾಗಿದಾಗ ನಿಜವಾಗಿ ತಾಗುವುದು ಕೆಲವೇ ಕೆಲವು ಸಣ್ಣ ಉಬ್ಬುಗಳು. ಭಾರ ಎರಡರಷ್ಟಾದರೆ ತಾಗುವ ಜಾಗವೂ ಹೆಚ್ಚುಕಮ್ಮಿ ಎರಡರಷ್ಟಾಗುತ್ತದೆ. ಹಾಗಾಗಿ ಅಮಾಂಟನ್ಸ್ ಲೆಕ್ಕ ಸರಿಹೋಗುತ್ತದೆ. ರಬ್ಬರ್ ಹಾಗಲ್ಲ. ಸ್ವಲ್ಪ ಭಾರಕ್ಕೇ ಅದು ಜಲ್ಲಿಯ ಮೈಗೆ ಚೆನ್ನಾಗಿ ಅಂಟಿಕೊಂಡಿರುತ್ತದೆ. ಇನ್ನಷ್ಟು ಭಾರ ಹಾಕಿದರೆ ಹೊಸದಾಗಿ ತಾಗಲು ಜಾಗ ಜಾಸ್ತಿ ಉಳಿದಿರುವುದಿಲ್ಲ. ಘರ್ಷಣೆ ಹೆಚ್ಚುತ್ತದೆ, ಆದರೆ ಭಾರ ಹೆಚ್ಚಿದಷ್ಟು ಅಲ್ಲ. ಅದೇ ಭಾರವನ್ನು ಅಗಲದ ಟೈರಿನ ಮೇಲೆ ಹರಡಿದರೆ ಒತ್ತಡ ಕಡಿಮೆ, ಮ್ಯೂ ಸ್ವಲ್ಪ ಜಾಸ್ತಿ. ಜೊತೆಗೆ ಬಿಸಿಯೂ ಹಂಚಿಹೋಗುತ್ತದೆ. ಹಿಂದಿನ ಬೆಂಚಿನ ಪ್ರಶ್ನೆಗೆ ಉತ್ತರ ಅಲ್ಲೇ ಸಿಕ್ಕಿತು.

ರಬ್ಬರ್ ಹಿಡಿತ ಎರಡು ದಾರಿಯಲ್ಲಿ ಬರುತ್ತದೆ. ಒಂದು, ಅಣುಗಳ ಮಟ್ಟದ ಅಂಟು. ಇನ್ನೊಂದು, ಜಲ್ಲಿಯ ಉಬ್ಬುಗಳ ಮೇಲೆ ಹಾಯುವಾಗ ರಬ್ಬರ್ ಕುಗ್ಗಿ ಮತ್ತೆ ಅರಳುತ್ತದಲ್ಲ, ಆಗ ಪೂರ್ತಿ ಶಕ್ತಿ ವಾಪಸ್ ಬರುವುದಿಲ್ಲ. ಒಂದು ಪಾಲು ಬಿಸಿಯಾಗಿ ಹೋಗುತ್ತದೆ. ನಮ್ಮ ಬೈಕನ್ನು ನಿಲ್ಲಿಸುವ ಬಲದ ಒಂದು ಪಾಲು ಬರುವುದು ಆ ನಷ್ಟದಿಂದಲೇ. ಗ್ರೋಶ್ ಅನ್ನುವವರು 1963ರಲ್ಲಿ ರಬ್ಬರಿನ ಘರ್ಷಣೆ ವೇಗದ ಜೊತೆ, ಬಿಸಿಯ ಜೊತೆ ಹೇಗೆ ಬದಲಾಗುತ್ತದೆ ಅಂತ ಅಳೆದು, ಈ ಎರಡೂ ದಾರಿಗಳನ್ನು ಬೇರೆಬೇರೆಯಾಗಿ ತೋರಿಸಿದರು. ಈ ವಿಷಯದಲ್ಲಿ ಇವತ್ತಿಗೂ ಎಲ್ಲರೂ ಹಿಡಿದು ಶುರು ಮಾಡುವುದು ಆ ಕೆಲಸವನ್ನೇ.

ಇನ್ನು ರಸ್ತೆಗೆ ಇಳಿಯಬೇಕಿತ್ತು. ಅಪಘಾತದ ತನಿಖೆಯಲ್ಲಿ ಒಂದು ಸರಳ ಸಾಧನ ಬಳಸುವುದುಂಟು. ಟೈರಿನ ತುಂಡಿಗೆ ಕಾಂಕ್ರೀಟ್ ತುಂಬಿ, ಅದನ್ನು ರಸ್ತೆ ಮೇಲೆ ಎಳೆದು, ಎಳೆಯಲು ಎಷ್ಟು ಬಲ ಬೇಕಾಯಿತು ಅಂತ ನೋಡುತ್ತಾರೆ. ಅದನ್ನೇ ಮಾಡಿದೆವು. ಕಾರಿನ ರೇಡಿಯಲ್ ಟೈರಿನೊಳಗೆ ಉಕ್ಕಿನ ತಂತಿ ಇರುತ್ತದೆ, ಚಾಕುವಿಗೆ ಬಗ್ಗುವುದಿಲ್ಲ. ವೆಲ್ಡಿಂಗ್ ಅಂಗಡಿಯಲ್ಲಿ ಗ್ರೈಂಡರ್ ಹಾಕಿ ಕಾಲು ಭಾಗ ಕತ್ತರಿಸಿಕೊಂಡು, ಒಳಗೆ ಕಾಂಕ್ರೀಟ್ ತುಂಬಿ, ಒಂದು ಕೊಕ್ಕೆ ಕೂರಿಸಿದೆವು. ಒಟ್ಟು ಸುಮಾರು 16 ಕಿಲೋ. ಅಳೆಯಲು ಮೆಣಸು, ಕಾಫಿ ತೂಗುವ ಡಿಜಿಟಲ್ ಕೊಕ್ಕೆ ತಕ್ಕಡಿ. ಜಾಗ, ಊರ ಹೊರಗೆ ಮನೆಗಳಿನ್ನೂ ಏಳದ ಒಂದು ಹೊಸ ಲೇಔಟ್‌. ಅಲ್ಲಿ ಟಾರು ರಸ್ತೆ ಇದೆ, ಜನ ಇಲ್ಲ.

ಹಗ್ಗ ನೆಲಕ್ಕೆ ಸಮವಾಗಿ ಇರಬೇಕು, ಇದು ಮುಖ್ಯ. ನಿಂತುಕೊಂಡು ಮೇಲಕ್ಕೆ ಎಳೆದರೆ ತುಂಡಿನ ಭಾರವನ್ನು ಸ್ವಲ್ಪ ಎತ್ತಿದ ಹಾಗಾಗುತ್ತದೆ, ಅಳತೆ ಸುಳ್ಳು ಹೇಳುತ್ತದೆ. ಒಣ ಟಾರಿನ ಮೇಲೆ ತುಂಡು ಕದಲುವಾಗ ತಕ್ಕಡಿ 13 ಕಿಲೋ ಹತ್ತಿರ ಹೋಗುತ್ತಿತ್ತು. ಜಾರುತ್ತಾ ಇರುವಾಗ 11ರಿಂದ 12. ಅಂದರೆ ಮ್ಯೂ 0.7ರ ಆಸುಪಾಸು. ಪುಸ್ತಕದ ಸಂಖ್ಯೆಗೆ ಹತ್ತಿರವೇ, ಹುಡುಗರಿಗೆ ಖುಷಿ.

ಆಮೇಲೆ ಕ್ಯಾನುಗಟ್ಟಲೆ ನೀರು ಸುರಿದು ಎಳೆದೆವು. ತಕ್ಕಡಿ ಹೆಚ್ಚು ಇಳಿಯಲೇ ಇಲ್ಲ! 10 ಕಿಲೋ ದಾಟಿಯೇ ಇತ್ತು. ಒದ್ದೆ ರಸ್ತೆಯಲ್ಲಿ ಹಿಡಿತ ಹೋಗುತ್ತದೆ ಅನ್ನುವುದು ಎಲ್ಲರಿಗೂ ಗೊತ್ತಿರುವ ಮಾತು, ಹಾಗಿದ್ದ ಮೇಲೆ ಇದೇನು?

ನನಗೆ ಇಡೀ ಕೆಲಸದಲ್ಲಿ ತುಂಬಾ ಹಿಡಿಸಿದ ಜಾಗ ಇದು. ನಾವು ಎಳೆಯುತ್ತಿದ್ದದ್ದು ನಡೆಯುವ ವೇಗದಲ್ಲಿ. ಅಷ್ಟು ನಿಧಾನಕ್ಕೆ ಹೋದರೆ ರಬ್ಬರಿನ ಅಡಿಯಲ್ಲಿ ಸಿಕ್ಕ ನೀರಿಗೆ ಪಕ್ಕಕ್ಕೆ ಸರಿದುಕೊಳ್ಳಲು ಬೇಕಾದಷ್ಟು ಸಮಯ ಇರುತ್ತದೆ. ರಬ್ಬರ್ ಹೋಗಿ ಜಲ್ಲಿಗೇ ತಾಗುತ್ತದೆ. ವೇಗ ಹೆಚ್ಚಾದರೆ ಆ ಸಮಯ ಇರುವುದಿಲ್ಲ. ಟೈರಿನ ಗೀರುಗಳು, ಜಲ್ಲಿಯ ನಡುವಿನ ಸಂದುಗಳು ಇರುವುದೇ ನೀರಿಗೆ ದಾರಿ ಬಿಡಲು. ಜಲ್ಲಿಯ ಮೈಮೇಲಿನ ಮರಳು ಕಾಗದದಂಥ ಒರಟು ಉಳಿದ ತೆಳು ಪದರವನ್ನು ಹರಿದು ರಬ್ಬರಿಗೆ ತಾಗುತ್ತದೆ. ವರ್ಷಗಟ್ಟಲೆ ಲಾರಿ ಓಡಿ ಆ ಒರಟು ನುಣುಪಾದರೆ, ಅಥವಾ ಬೇಸಿಗೆಯಲ್ಲಿ ಟಾರು ಮೇಲೆದ್ದು ಜಲ್ಲಿಯನ್ನೇ ಮುಚ್ಚಿದರೆ, ಟೈರು ಎಷ್ಟು ಹೊಸದಿದ್ದರೂ ಅಷ್ಟೇ. ಬಸ್ ಸ್ಟಾಪ್ ಮುಂದೆ ಮಿರಮಿರ ಮಿಂಚುವ ಕಪ್ಪು ಪಟ್ಟಿ ನೋಡಿದ್ದೀರಲ್ವಾ? ಮಳೆಯಲ್ಲಿ ನಾನು ಅದರ ಮೇಲೆ ಬ್ರೇಕ್ ಮುಟ್ಟುವುದೇ ಇಲ್ಲ.

ನೀರು ತುಂಬಾ ಇದ್ದು ವೇಗವೂ ಜಾಸ್ತಿಯಿದ್ದರೆ ಟೈರು ನೀರಿನ ಮೇಲೇ ಎದ್ದು ತೇಲುತ್ತದೆ. ನಾಸಾದ ಹಾರ್ನ್ ಮತ್ತು ಡ್ರೆಹರ್ 1963ರಲ್ಲಿ ವಿಮಾನದ ಟೈರುಗಳಿಗೆ ಇದರ ಲೆಕ್ಕ ಕೊಟ್ಟರು. ನಮ್ಮ ಅಳತೆಗೆ ತಿರುಗಿಸಿದರೆ, ಟೈರಿನ ಗಾಳಿಯ ಒತ್ತಡವನ್ನು ಪಿಎಸ್‌ಐನಲ್ಲಿ (ಪಂಕ್ಚರ್ ಅಂಗಡಿಯ ಮೀಟರ್ ತೋರಿಸುವ ಅಳತೆ) ಹಿಡಿದು, ಅದರ ವರ್ಗಮೂಲವನ್ನು 16.7ರಿಂದ ಗುಣಿಸಬೇಕು. 30 ಇದ್ದರೆ ಗಂಟೆಗೆ ಸುಮಾರು 91 ಕಿ.ಮೀ.ಗೆ ತೇಲಲು ಶುರು. ಗಾಳಿ 20ಕ್ಕೆ ಇಳಿದಿದ್ದರೆ 75ಕ್ಕೇ. ಇದು ಗೀರು ಸವೆದ ಟೈರಿಗೆ, ಅಥವಾ ಗೀರಿಗಿಂತ ಆಳದ ನೀರಿಗೆ ಹೊಂದುವ ಲೆಕ್ಕ. ದುಂಡನೆಯ, ಕಿರಿದಾದ ಬೈಕ್ ಟೈರು ನೀರನ್ನು ಸೀಳಿಕೊಂಡು ಹೋಗುವುದರಿಂದ ಅಷ್ಟು ಬೇಗ ತೇಲುವುದಿಲ್ಲ. ಕಾರಿನವರು ಮಾತ್ರ ಗಾಳಿ ನೋಡಿಕೊಳ್ಳಬೇಕು. ಗಾಳಿ ಕಡಿಮೆ ಇದ್ದರೆ ಮಳೆಯಲ್ಲಿ ಗ್ರಿಪ್ ಜಾಸ್ತಿ ಅನ್ನುವ ಮಾತನ್ನು ನಮ್ಮ ಕಡೆ ಬಹಳ ಜನ ನಂಬಿದ್ದಾರೆ. ನಿಂತ ನೀರಿನಲ್ಲಿ ಅದು ಪೂರ್ತಿ ಉಲ್ಟಾ.

ಎಳೆಯುವ ತುಂಡಿನಿಂದ ವೇಗದ ವಿಷಯ ತಿಳಿಯುವುದಿಲ್ಲ ಅಂತಾಯಿತು. ಮುಂದೆ ಬೈಕೇ ಬೇಕು. ಫೋನಿನಲ್ಲಿ ವೇಗ ಬದಲಾಗುವುದನ್ನು ಅಳೆಯುವ ಸೆನ್ಸರ್ ಇರುತ್ತದೆ. ಜರ್ಮನಿಯ ಆಖೆನ್ ವಿಶ್ವವಿದ್ಯಾಲಯದವರು ಮಾಡಿದ ಫೈಫಾಕ್ಸ್ ಆ್ಯಪ್ ಹಾಕಿಕೊಂಡರೆ ಅದರ ಗ್ರಾಫ್ ನೇರವಾಗಿ ಸಿಗುತ್ತದೆ, ದುಡ್ಡೂ ಕೊಡಬೇಕಿಲ್ಲ. ಫೋನನ್ನು ಟ್ಯಾಂಕಿಗೆ ಅಲ್ಲಾಡದಂತೆ ಕಟ್ಟಿ, ಅದೇ ಲೇಔಟ್‌ನಲ್ಲಿ 40 ಕಿ.ಮೀ. ವೇಗದಿಂದ ಬ್ರೇಕ್ ಹಿಡಿದೆ. ಹೆಲ್ಮೆಟ್, ಜಾಕೆಟ್, ಗ್ಲೌಸ್ ಇಲ್ಲದೆ ಇದಕ್ಕೆ ಕೈಹಾಕಬೇಡಿ. ಹುಡುಗರನ್ನು ಬೈಕ್ ಹತ್ತಿಸಲಿಲ್ಲ, ಟೇಪು ಹಿಡಿಯುವುದಷ್ಟೇ ಅವರ ಕೆಲಸ.

ಬ್ರೇಕ್ ಹಿಡಿದಾಗ ಬೈಕಿನ ಮೂತಿ ಕೆಳಗೆ ಬಾಗುತ್ತದೆ. ಮೂರು ಡಿಗ್ರಿ ಬಾಗಿದರೂ ಗುರುತ್ವದ ಒಂದು ತುಣುಕು ಅಳತೆಯೊಳಗೆ ಸೇರಿ, ಫೋನು ಗುರುತ್ವದ 0.05ರಷ್ಟು ಜಾಸ್ತಿ ತೋರಿಸುತ್ತದೆ. ಹಾಗಾಗಿ ನಿಂತ ದೂರವನ್ನೂ ಟೇಪಿನಲ್ಲಿ ಅಳೆದು ತಾಳೆ ನೋಡುತ್ತಿದ್ದೆವು. ವೇಗಕ್ಕೆ ಬೈಕಿನ ಮೀಟರ್ ಬೇಡ, ಅದು ಸಾಮಾನ್ಯವಾಗಿ ಸ್ವಲ್ಪ ಹೆಚ್ಚೇ ತೋರಿಸುತ್ತದೆ. ಜಿಪಿಎಸ್ ವಾಸಿ.

ಇಲ್ಲಿ ಸಿಕ್ಕಿದ್ದು ನೋಡಿ. ಹಿಂದಿನ ಬ್ರೇಕ್ ಮಾತ್ರ ಒತ್ತಿದರೆ ನಿಧಾನವಾಗುವ ದರ ಗುರುತ್ವದ ಕಾಲು ಭಾಗದಷ್ಟು. ಮುಂದಿನದು ಮಾತ್ರ ಹಿಡಿದರೆ ಅರ್ಧದಷ್ಟು. ಎರಡೂ ಸೇರಿದರೆ 0.65ರ ಹತ್ತಿರ, ಎರಡೂ ಚಕ್ರ ಪೂರ್ತಿ ಹಿಡಿದಾಗ ಈ ಸಂಖ್ಯೆಯೇ ಹೆಚ್ಚುಕಮ್ಮಿ ಮ್ಯೂ. ಕಾಗದದ ಮೇಲಿನ ಲೆಕ್ಕವೂ ಹೀಗೇ ಬರುತ್ತದೆ. ಬ್ರೇಕ್ ಹಿಡಿದಾಗ ಭಾರ ಮುಂದಿನ ಚಕ್ರಕ್ಕೆ ಸರಿಯುತ್ತದೆ. ಹಿಂದಿನ ಚಕ್ರದ ಮೇಲೆ ಭಾರವೇ ಇಲ್ಲದಿದ್ದರೆ ಘರ್ಷಣೆ ಎಲ್ಲಿಂದ ಬರಬೇಕು? ಮ್ಯೂ 0.7 ಅಂತ ಇಟ್ಟುಕೊಂಡರೆ 40ರಿಂದ ನಿಲ್ಲಲು ಹಿಂದಿನ ಬ್ರೇಕಿಗೆ 24 ಮೀಟರ್ ಬೇಕು, ಎರಡೂ ಸೇರಿದರೆ 9 ಮೀಟರ್ ಸಾಕು. "ಮುಂದಿನ ಬ್ರೇಕ್ ಹಿಡೀಬೇಡ, ಮಕಾಡೆ ಬೀಳ್ತೀಯ" ಅಂತ ಹೇಳಿಕೊಟ್ಟೇ ನಮ್ಮೂರಿನಲ್ಲಿ ಎಷ್ಟು ಜನರಿಗೆ ಬೈಕ್ ಕಲಿಸಿದ್ದಾರೋ! ಬೀಳುವುದು ಗಬಕ್ಕನೆ ಹಿಡಿದು ಚಕ್ರ ಕಚ್ಚಿಕೊಂಡಾಗ. ಮೊದಲು ಮೆಲ್ಲಗೆ ಹಿಡಿದು, ಭಾರ ಮುಂದೆ ಬಂದ ಮೇಲೆ ಜೋರಾಗಿ ಒತ್ತಿದರೆ ಚಕ್ರ ಅಷ್ಟು ಸುಲಭಕ್ಕೆ ಕಚ್ಚುವುದಿಲ್ಲ.

ಟೈರು ಪೂರ್ತಿ ಉರುಳುತ್ತಲೂ ಇರದೆ, ಪೂರ್ತಿ ಕಚ್ಚಿಕೊಂಡೂ ಇರದೆ, ನೂರಕ್ಕೆ ಹತ್ತರಿಂದ ಇಪ್ಪತ್ತರಷ್ಟು ಜಾರುತ್ತಾ ಉರುಳುವಾಗ ಹಿಡಿತ ಎಲ್ಲಕ್ಕಿಂತ ಜಾಸ್ತಿ. ಎಬಿಎಸ್, ಅಂದರೆ ಬ್ರೇಕ್ ಹಿಡಿದಾಗ ಚಕ್ರ ಕಚ್ಚಿಕೊಳ್ಳದಂತೆ ತಡೆಯುವ ವ್ಯವಸ್ಥೆ, ಮಾಡುವುದು ಆ ಆಸುಪಾಸಿನಲ್ಲಿ ಹಿಡಿದು ಬಿಡುವ ಕೆಲಸ. 2019ರ ಏಪ್ರಿಲ್‌ನಿಂದ 125 ಸಿಸಿಗಿಂತ ದೊಡ್ಡ ಹೊಸ ಬೈಕುಗಳಿಗೆಲ್ಲ ನಮ್ಮಲ್ಲಿ ಅದು ಕಡ್ಡಾಯ. ನನ್ನ ಬೈಕಿನಲ್ಲಿ ಮುಂದಿನ ಚಕ್ರಕ್ಕೆ ಮಾತ್ರ ಇದೆ, ಬೇಕಾದದ್ದೂ ಅಲ್ಲೇ.

ಒದ್ದೆ ರಸ್ತೆಯಲ್ಲಿ ಇದೇ ಪ್ರಯೋಗಕ್ಕೆ 0.5 ಬಂತು. ಎಳೆದ ತುಂಡು ಹೇಳಿದ್ದಕ್ಕಿಂತ ಕಡಿಮೆ, ಅದೂ ಬರೀ 40ರ ವೇಗಕ್ಕೆ. ರಸ್ತೆ ವಿನ್ಯಾಸ ಮಾಡುವವರು ಇನ್ನೂ ಹುಷಾರು. ನಮ್ಮ ದೇಶದ ರಸ್ತೆಗಳ ಮಾನದಂಡ ಬರೆಯುವ ಇಂಡಿಯನ್ ರೋಡ್ಸ್ ಕಾಂಗ್ರೆಸ್ ನಿಲ್ಲುವ ದೂರದ ಲೆಕ್ಕಕ್ಕೆ ಹಿಡಿಯುವುದು 0.40ರಿಂದ 0.35, ವೇಗ ಹೆಚ್ಚಿದಂತೆ ಕಡಿಮೆ. ತಿರುವಿನಲ್ಲಿ ಅಡ್ಡ ಹಿಡಿತಕ್ಕೆ ಬರೀ 0.15. ಘಾಟಿಯ ಹೇರ್‌ಪಿನ್ ತಿರುವಿಗೆ ಅವರು ಹೇಳುವ ಕನಿಷ್ಠ ಒಳತ್ರಿಜ್ಯ 14 ಮೀಟರ್, ಬೆಟ್ಟದ ರಸ್ತೆಯ ಓರೆ, ಅಂದರೆ ತಿರುವಿನಲ್ಲಿ ಹೊರ ಅಂಚನ್ನು ಎತ್ತರಿಸುವುದು, ಹೆಚ್ಚೆಂದರೆ ನೂರಕ್ಕೆ 10. ಓರೆಯ 0.10, ಘರ್ಷಣೆಯ 0.15 ಸೇರಿಸಿ ಲೆಕ್ಕ ಹಾಕಿದರೆ ಗಂಟೆಗೆ 21 ಕಿ.ಮೀ. ಬರುತ್ತದೆ. ತಿರುವಿನ ಬೋರ್ಡಿನಲ್ಲಿ 20 ಅಂತ ಬರೆದಿರುವುದು ಸುಮ್ನೆ ಅಲ್ಲ. ಅದಕ್ಕಿಂತ ಜೋರಾಗಿ ಹೋದರೂ ದಾಟಬಹುದು, ನಿಜ. ಆದರೆ ಅಡ್ಡಕ್ಕೆ ಖರ್ಚಾದ ಹಿಡಿತ ಬ್ರೇಕಿಗೆ ಸಿಗುವುದಿಲ್ಲ. ಎದುರಿಗೆ ಬಸ್ ಬಂದಾಗ ಬೇಕಾಗುವುದು ಆ ಉಳಿಕೆ.

ನೀರಿಗಿಂತ ಕೆಟ್ಟವು ಬೇರೆ ಇವೆ. ಹಾಸನ ಕಡೆ ಸುಗ್ಗಿಯಲ್ಲಿ ರಾಗಿ, ಹುರುಳಿ ಒಕ್ಕಣೆ ಟಾರು ರಸ್ತೆ ಮೇಲೇ ನಡೆಯುತ್ತದೆ. ಹುರುಳಿ ಹರಡಿ ತುಂಡನ್ನು ಎಳೆದಾಗ ತಕ್ಕಡಿ 4 ಕಿಲೋ ದಾಟಲಿಲ್ಲ. ಅಂದರೆ ಮ್ಯೂ 0.25. ಕಾಳುಗಳು ಬೇರಿಂಗಿನ ಗುಂಡುಗಳ ಹಾಗೆ ಉರುಳುತ್ತವೆ, ನಿಧಾನವಾಗಿ ಹೋದರೂ ಉಪಯೋಗವಿಲ್ಲ. ತೋಟದಿಂದ ಟ್ರ್ಯಾಕ್ಟರ್ ತಂದ ಜೇಡಿಮಣ್ಣು ಒದ್ದೆಯಾದರೂ ಹೆಚ್ಚುಕಮ್ಮಿ ಅಷ್ಟೇ. ಮೊದಲ ಮಳೆ ಜೋರಾದ ಮಳೆಗಿಂತ ಅಪಾಯ ಅನ್ನುವುದಕ್ಕೂ ಇದೇ ಕಾರಣ. ರಸ್ತೆ ಮೇಲಿನ ಧೂಳು, ಎಣ್ಣೆ ತೊಳೆದುಹೋಗುವಷ್ಟು ನೀರು ಇರುವುದಿಲ್ಲ, ಕಲಸಿ ಲೋಳೆ ಮಾಡುವಷ್ಟು ಇರುತ್ತದೆ.

ಕೊನೆಯದಾಗಿ ಟೈರಿನ ವಯಸ್ಸು. ಗೀರು ಆಳವಿದ್ದರೆ ಟೈರು ಚೆನ್ನಾಗಿದೆ ಅಂತ ಎಲ್ಲರೂ ಅಂದುಕೊಳ್ಳುತ್ತಾರೆ. ಕಾರಿಗೆ 1.6 ಮಿ.ಮೀ.ಗೆ ಸವೆದರೆ ಬದಲಿಸಬೇಕು, ಅದಕ್ಕೆ ಗೀರಿನೊಳಗೆ ಗುರುತೂ ಇರುತ್ತದೆ. ಆದರೆ ರಬ್ಬರ್ ಬಿಸಿಲು ಗಾಳಿಗೆ ವರ್ಷ ಕಳೆದಂತೆ ಗಡಸಾಗುತ್ತದೆ. ಮನೆಯಲ್ಲಿ ನಿಂತೇ ಇದ್ದ ಹಳೆಯ ಸ್ಕೂಟರಿನ, ಗೀರು ಸವೆಯದ ಟೈರಿನ ತುಂಡನ್ನೂ ಹೊಸ ಟೈರಿನ ತುಂಡನ್ನೂ ಅದೇ ಕಲ್ಲಿನ ಚಪ್ಪಡಿ ಮೇಲೆ ಇಟ್ಟು ನೋಡಿದೆವು. ಹೊಸದು 38 ಡಿಗ್ರಿವರೆಗೆ ತಡೆಯಿತು, ಹಳೆಯದು 33ಕ್ಕೇ ಜಾರಿತು. ಟೈರಿನ ಪಕ್ಕದಲ್ಲಿ ನಾಲ್ಕು ಅಂಕಿ ಅಚ್ಚಾಗಿರುತ್ತವೆ. 2319 ಅಂದರೆ 2019ರ 23ನೇ ವಾರದಲ್ಲಿ ತಯಾರಾದದ್ದು. ಅಂಗಡಿಯಲ್ಲಿ ಡಿಸ್ಕೌಂಟ್ ಮಾತು ಶುರುವಾಗುವ ಮೊದಲೇ ನಾನು ಬಗ್ಗಿ ಆ ಅಂಕಿ ಓದಿಬಿಡುತ್ತೇನೆ. ಕಮ್ಮಿ ಬೆಲೆಗೆ ಕೊಡುವ ಟೈರು ಎಷ್ಟೋ ಸಲ ಎರಡು ಮೂರು ವರ್ಷದ ಹಿಂದಿನದೇ ಆಗಿರುತ್ತದೆ.