ಕೆಲಸ ಹೋದವರ ಕಥೆ: ವಿನ್ಸೆಂಟ್ ಲಿಂಡನ್ ಸಿನಿಮಾಗಳನ್ನು ನೋಡುವುದು ಹೇಗೆ?

ಫ್ರಾನ್ಸಿನ ನಟ ವಿನ್ಸೆಂಟ್ ಲಿಂಡನ್, ನಿರ್ದೇಶಕ ಸ್ಟೆಫಾನ್ ಬ್ರಿಝೆ ಜೊತೆ ಸೇರಿ ನೌಕರಿಯ ಬಗ್ಗೆಯೇ ಮೂರು ಸಿನಿಮಾ ಮಾಡಿದ್ದಾರೆ. ಕಥೆ ಬೇರೆ ಬೇರೆ, ಆದರೂ ಬಂದ ಕ್ರಮದಲ್ಲೇ ನೋಡಿ. ಮೊದಲನೆಯದರಲ್ಲಿ ಅವರು ಕೆಲಸ ಹುಡುಕುವವರು, ಎರಡನೆಯದರಲ್ಲಿ ಯೂನಿಯನ್ ಮುಖಂಡ, ಮೂರನೆಯದರಲ್ಲಿ ಜನರನ್ನು ಕೆಲಸದಿಂದ ತೆಗೆಯಬೇಕಾದ ಮ್ಯಾನೇಜರ್. ಮೇಜಿನ ಎರಡೂ ಕಡೆ ಅದೇ ಮುಖ ನೋಡಿದಾಗಲೇ ಇದರ ತೂಕ ಗೊತ್ತಾಗುವುದು.

2015ರ ‘ದಿ ಮೆಷರ್ ಆಫ್ ಎ ಮ್ಯಾನ್’ನಿಂದ ಶುರು ಮಾಡಿ. ಇದಕ್ಕೆ ಲಿಂಡನ್‌ಗೆ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟ ಪ್ರಶಸ್ತಿ ಬಂತು. ಆದರೆ ಅವರನ್ನಷ್ಟೇ ನೋಡುತ್ತಾ ಕೂರಬೇಡಿ, ಎದುರು ಕೂತವರನ್ನೂ ನೋಡಿ. ಅವರಲ್ಲಿ ಹೆಚ್ಚಿನವರು ವೃತ್ತಿ ನಟರಲ್ಲ, ನಿಜ ಜೀವನದಲ್ಲಿ ಮಾಡುವ ಕೆಲಸವನ್ನೇ ಕ್ಯಾಮೆರಾ ಮುಂದೆ ಮಾಡುತ್ತಿದ್ದಾರೆ. ಅದಕ್ಕೇ ಮಾತು ಅಷ್ಟು ಸಹಜ. ಸ್ಕೈಪ್‌ನಲ್ಲಿ ನಡೆಯುವ ಇಂಟರ್‌ವ್ಯೂ ದೃಶ್ಯ ಬಂದಾಗ ಫೋನ್ ಪಕ್ಕಕ್ಕಿಡಿ. ಮೊದಲಿಗಿಂತ ಕೆಳಗಿನ ಹುದ್ದೆ ಕೊಟ್ಟರೂ ಒಪ್ಪುತ್ತೇನೆ ಎನ್ನುತ್ತಾನೆ ಲಿಂಡನ್ ಪಾತ್ರ ಥಿಯೆರಿ, ಅಷ್ಟಾದರೂ ಕೆಲಸ ಸಿಗುವ ಆಸೆ ಇಲ್ಲ ಅಂತ ಅಲ್ಲೇ ಗೊತ್ತಾಗುತ್ತದೆ. ಇಂಟರ್‌ವ್ಯೂಗೆ ಹೋಗಿ ಬಂದ ಯಾರಿಗೇ ಆದರೂ ಹೊಟ್ಟೆಯಲ್ಲಿ ಸಂಕಟ ಆಗುತ್ತದೆ. ಮುಂದೆ ಸೂಪರ್‌ಮಾರ್ಕೆಟ್‌ನಲ್ಲಿ ಸೆಕ್ಯುರಿಟಿ ಕೆಲಸ ಸಿಗುತ್ತದೆ. ಗಿರಾಕಿಗಳ ಮೇಲೆ ಮಾತ್ರವಲ್ಲ, ಕ್ಯಾಷಿಯರ್‌ಗಳ ಮೇಲೂ ಕಣ್ಣಿಡಬೇಕು. ತನ್ನಂಥವರನ್ನೇ ಹಿಡಿದುಕೊಡುವ ಕೆಲಸ ಅದು. ಅಲ್ಲಿ ಲಿಂಡನ್ ಮಾತು ಕಡಿಮೆ, ಅವರ ಭುಜ, ಕತ್ತು ಗಮನಿಸಿ.

2018ರ ‘ಅಟ್ ವಾರ್’ ನೋಡುವ ಮೊದಲು ಒಂದು ವಿಷಯ ತಲೆಯಲ್ಲಿರಲಿ. ಐದು ವರ್ಷ ಕೆಲಸ ಉಳಿಸುತ್ತೇವೆ ಎಂದು ಕಂಪನಿ ಮಾತು ಕೊಟ್ಟಿತ್ತು, ಕಾರ್ಮಿಕರು ಅದಕ್ಕಾಗಿ ತಮ್ಮ ದುಡ್ಡು ಬಿಟ್ಟುಕೊಟ್ಟಿದ್ದರು. ಎರಡೇ ವರ್ಷಕ್ಕೆ 1,100 ಜನರ ಫ್ಯಾಕ್ಟರಿ ಮುಚ್ಚುವ ತೀರ್ಮಾನ. ಇದು ಗೊತ್ತಿಲ್ಲದಿದ್ದರೆ ಎಲ್ಲರೂ ಸುಮ್ನೆ ಕೂಗಾಡುತ್ತಿದ್ದಾರೆ ಅನ್ನಿಸಬಹುದು. ಯೂನಿಯನ್‌ಗಳ ನಡುವೆ ಬಿರುಕು ಯಾವಾಗ ಶುರುವಾಗುತ್ತದೆ, ಯಾರು ಮೊದಲು ಪರಿಹಾರದ ಹಣದ ಮಾತೆತ್ತುತ್ತಾರೆ, ಅದನ್ನು ಹಿಂಬಾಲಿಸಿ. ಕೊನೆ ತುಂಬಾ ಕಠಿಣ, ಮಕ್ಕಳ ಜೊತೆ ಕೂತು ನೋಡಬೇಡಿ.

2021ರ ‘ಅನದರ್ ವರ್ಲ್ಡ್’ನಲ್ಲಿ 58 ಜನರನ್ನು ತೆಗೆಯಬೇಕು. ಅದರ ಬದಲು ಮ್ಯಾನೇಜರ್‌ಗಳು ಬೋನಸ್ ಬಿಟ್ಟುಕೊಡೋಣ ಎನ್ನುತ್ತಾನೆ ಲಿಂಡನ್ ಪಾತ್ರ. ಅಮೆರಿಕದ ಬಾಸ್ ಕೊಡುವ ಉತ್ತರವನ್ನು ಎರಡು ಸಲ ಕೇಳಿ. ಅಷ್ಟು ಮರ್ಯಾದೆಯಿಂದ ಹೇಳಿದ ‘ಇಲ್ಲ’ ಎಷ್ಟು ಕ್ರೂರ ಅಲ್ವಾ?

ಮೂರನ್ನೂ ಒಂದೇ ವಾರಾಂತ್ಯದಲ್ಲಿ ಮುಗಿಸಬೇಡಿ, ಮನಸ್ಸು ಭಾರವಾಗುತ್ತದೆ. ನಡುವೆ 2009ರ ‘ಮದ್ಮೊಝೆಲ್ ಶಾಂಬೊ’ ನೋಡಿ. ಅದೂ ಬ್ರಿಝೆಯದ್ದೇ. ಅದರಲ್ಲಿ ಲಿಂಡನ್ ಮನೆ ಕಟ್ಟುವ ಮೇಸ್ತ್ರಿ, ಶಾಲೆಗೆ ಹೋಗಿ ಮಕ್ಕಳಿಗೆ ತನ್ನ ಕೆಲಸದ ಬಗ್ಗೆ ಹೇಳುತ್ತಾರೆ.